ವೈನಿ ನುಂಗಿದ ಅಯೋಡಿನ್

ಜಪಾನಿನ ಅಣು ಸ್ಥಾವರದಲ್ಲಿ ಸ್ಫೋಟವಾಯಿತು ಎಂದು ಟಿವಿಯವರು ಬಡಕೊಳ್ಳುತ್ತಿದ್ದ ದಿನ ನಾನು ಮುಡಬಿಯ ತವರುಮನೆಯಲ್ಲಿದ್ದೆ. ಅವ್ವ ರೊಟ್ಟಿ ಬಡಿಯುವುದನ್ನು ಬಿಟ್ಟು ಹಿಟ್ಟಿನ ಕೈಯಲ್ಲೇ ಪಡಸಾಲೆಗೆ ಬಂದಳು. ಸ್ವಲ್ಪ ಹೊತ್ತು ನೋಡಿ, "ಪಾಪ, ಯಾವ ದೇವರ ಗುಡಿ ಅದು?" ಎಂದು ಕೇಳಿದಳು.

ಬಸವಕಲ್ಯಾಣದ ಸೀಮೆಯಲ್ಲಿ ಹುಟ್ಟಿದವರಿಗೆ ಸ್ಥಾವರ ಎಂದರೆ ಗುಡಿ, ಕಲ್ಲು, ಒಂದೇ ಕಡೆ ಊರಿಕೊಂಡು ನಿಂತದ್ದು. ಜಂಗಮ ಎಂದರೆ ನಡೆದಾಡುವುದು. ಕೊರಳಲ್ಲಿ ಲಿಂಗ ಕಟ್ಟಿಕೊಂಡ ನಮ್ಮವ್ವನಂಥವರು ಸ್ಥಾವರಕ್ಕೆ ಅಷ್ಟೇನೂ ಮರ್ಯಾದೆ ಕೊಡುವವರಲ್ಲ. ಆದರೂ ಪರದೇಶದ ಗುಡಿಯೊಂದು ಸಿಡಿದು ಜನ ಗಂಟುಮೂಟೆ ಕಟ್ಟಿಕೊಂಡು ಓಡುತ್ತಿದ್ದಾರೆ ಎಂದರೆ ಆಕೆಗೆ ಸಂಕಟವಾಗಿತ್ತು. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅಣ್ಣನ ಹೆಂಡತಿ, ಅಂದರೆ ನಮ್ಮ ವೈನಿ, ತೊಗರಿ ಆರಿಸುತ್ತಿದ್ದವಳು ತಲೆಯೆತ್ತಿ, "ನಗೂದ ಆಮ್ಯಾಲ. ಮೊದಲ ಬಿಡಿಸಿ ಹೇಳು ಟೀಚರ್" ಎಂದಳು.

ನಾನು ಹುಮನಾಬಾದಿನ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವವಳು. ಮನೆ ಮಾಣಿಕನಗರಕ್ಕೆ ಹೋಗುವ ದಾರಿಯಲ್ಲಿ. ಬಾಯಿ ಜೋರು, ಸಿಟ್ಟು ಮೂಗಿನ ಮೇಲೆ, ಆದರೆ ಪಾಠ ಹೇಳುವುದರಲ್ಲಿ ನನ್ನನ್ನು ಮೀರಿಸುವವರು ಈ ತಾಲೂಕಿನಲ್ಲಿ ಇಲ್ಲ ಎಂಬ ಧೈರ್ಯ ಆಗಲೂ ಇತ್ತು, ಈಗಲೂ ಇದೆ. ಅಂದು ಶುರುವಾದ ಹುಚ್ಚು ನನಗೆ ಹತ್ತಿಕೊಂಡೇ ಬಿಟ್ಟಿತು. ಜಗತ್ತಿನಲ್ಲಿ ಎಲ್ಲೆಲ್ಲಿ ಅಣು ಸ್ಥಾವರಗಳು ಕೆಟ್ಟವೋ ಅಲ್ಲಿಯದನ್ನೆಲ್ಲ ಓದಿದೆ. ಓದಿದ್ದನ್ನು ಹೊಟ್ಟೆಯಲ್ಲಿ ಇಟ್ಟುಕೊಳ್ಳುವ ಜಾಯಮಾನ ನನ್ನದಲ್ಲ. ಶಾಲೆಯಲ್ಲಿ, ಮದುವೆ ಮನೆಯಲ್ಲಿ, ಶೇರ್ ಆಟೋದಲ್ಲಿ, ಸಿಕ್ಕವರಿಗೆಲ್ಲ ಹೇಳುತ್ತ ಬಂದೆ.

ಏನು ಹೇಳುತ್ತಿದ್ದೆ ಎಂದರೆ, ಸ್ಥಾವರ ನಿಂತಲ್ಲೇ ಇರುತ್ತದೆ, ಅದರ ವಿಷ ಮಾತ್ರ ಜಂಗಮ. ರಷ್ಯಾದವರ ಆಳ್ವಿಕೆಯಿದ್ದಾಗ ಚೆರ್ನೋಬಿಲ್‌ನಲ್ಲಿ ಸ್ಥಾವರ ಸಿಡಿಯಿತು, ಸರಕಾರ ಬಾಯಿ ಮುಚ್ಚಿಕೊಂಡು ಕೂತಿತು. ಗುಟ್ಟು ಬಿಟ್ಟುಕೊಟ್ಟಿದ್ದು ಎಷ್ಟೋ ದೂರದ ಸ್ವೀಡನ್ನಿನ ಒಬ್ಬ ನೌಕರನ ಬೂಟು. ಅವನು ತನ್ನ ಕೆಲಸದ ಸ್ಥಾವರದೊಳಗೆ ಕಾಲಿಟ್ಟರೆ ಅಲ್ಲಿಯ ಯಂತ್ರ ಕೂಗಿಕೊಂಡಿತು. ತಮ್ಮಲ್ಲೇ ಏನೋ ಸೋರಿದೆ ಎಂದು ಹುಡುಕಿದರೆ ಧೂಳು ಗಾಳಿಯ ಮೇಲೆ ದೇಶ ದಾಟಿ ಬಂದಿತ್ತು, ಮಳೆಗೆ ನೆಲಕ್ಕಿಳಿದಿತ್ತು. ಅದೇ ಧೂಳು ಹುಲ್ಲಿಗೆ ಕೂತಿತು, ಹುಲ್ಲನ್ನು ಆಕಳು ಮೇಯ್ದವು, ಹಾಲನ್ನು ಮಕ್ಕಳು ಕುಡಿದವು. ಅದರಲ್ಲಿ ಅಯೋಡಿನ್ ಇತ್ತು, ಕಿರಣ ಸೂಸುವ ಅಯೋಡಿನ್. ನಮ್ಮ ಕೊರಳಲ್ಲಿರುವ ಥೈರಾಯ್ಡ್ ಗ್ರಂಥಿಗೆ ಒಳ್ಳೆಯ ಅಯೋಡಿನ್ ಯಾವುದು, ಕೆಟ್ಟದ್ದು ಯಾವುದು ಗೊತ್ತಾಗುವುದಿಲ್ಲ, ಸಿಕ್ಕಿದ್ದನ್ನು ಎಳೆದುಕೊಳ್ಳುತ್ತದೆ. ವರ್ಷಗಳ ಮೇಲೆ ಆ ಮಕ್ಕಳ ಕೊರಳಲ್ಲಿ ಗಂಟು ಬಂದವು. ಅದಕ್ಕೂ ಬಹಳ ಹಿಂದೆ ಇಂಗ್ಲೆಂಡಿನಲ್ಲಿ ಒಂದು ಸ್ಥಾವರಕ್ಕೆ ಬೆಂಕಿ ಬಿದ್ದಾಗ ಸುತ್ತಲಿನ ಹಾಲನ್ನೆಲ್ಲ ಚೆಲ್ಲಿಸಿದ್ದರು. ಚೆರ್ನೋಬಿಲ್ ಆದಾಗ ಪಕ್ಕದ ಪೋಲೆಂಡಿನವರು ತಡ ಮಾಡದೆ ಮಕ್ಕಳಿಗೆ ಒಳ್ಳೆಯ ಅಯೋಡಿನ್ ಕುಡಿಸಿದ್ದರು. ಕೊರಳು ಮೊದಲೇ ತುಂಬಿದ್ದರೆ ಕೆಟ್ಟದ್ದಕ್ಕೆ ಜಾಗವೇ ಇರುವುದಿಲ್ಲ. ಗೊತ್ತಿದ್ದವರು ಉಳಿಸಿದರು, ಮುಚ್ಚಿಟ್ಟವರು ಕೊಂದರು, ಇದು ನನ್ನ ಭಾಷಣದ ಕೊನೆಯ ಮಾತು. ಚಪ್ಪಾಳೆ ಬರುತ್ತಿತ್ತು.

ಮುಡಬಿಯಲ್ಲಿ ಈ ಭಾಷಣವನ್ನು ಎಲ್ಲರಿಗಿಂತ ಹೆಚ್ಚು ಸಲ ಕೇಳಿದವಳು ವೈನಿ. ಅವಳು ನಿರ್ಣಾದ ಕಡೆಯವಳು, ಕೂಲಿ ಮಾಡಿ ಬದುಕಿದ, ಬೌದ್ಧರಾದ ದಲಿತರ ಮನೆಯ ಮಗಳು. ನಮ್ಮೂರಿನ ಅಂಗನವಾಡಿಗೆ ಟೀಚರಾಗಿ ಬಂದಳು, ಅಣ್ಣ ಮನಸ್ಸು ಕೊಟ್ಟ, ಬಸವಕಲ್ಯಾಣದಲ್ಲಿ ರಿಜಿಸ್ಟರ್ ಮದುವೆಯಾಯಿತು. ನಾವು ಹೊಲ ಇರುವ ಮಂದಿ, ಶರಣರ ಮನೆತನ ಎಂದು ಹೇಳಿಕೊಳ್ಳುವವರು. ಮದುವೆಗೆ ಮುಂಚೆ ವೈನಿ ಅಣ್ಣನಿಗೆ ಒಂದೇ ಮಾತು ಹೇಳಿದ್ದಳಂತೆ. ಸಣ್ಣವಳಿದ್ದಾಗ ತಾಯಿಯ ಜೊತೆ ಕಳೆ ಕೀಳಲು ಹೋದ ಮನೆಯಲ್ಲಿ ಇವರಿಗಾಗಿ ಗೋಡೆಯ ಗೂಡಿನಂಥ ಮಾಡದೊಳಗೆ ಬೇರೆ ಗ್ಲಾಸು, ದನದ ಕೊಟ್ಟಿಗೆಯಲ್ಲಿ ಬೇರೆ ತಾಟು ಇಡುತ್ತಿದ್ದರು. "ನನಗ ಬ್ಯಾರೆ ತಾಟು ಇಟ್ಟ ದಿನ ನಾ ನಿಮ್ಮನಿ ಬಿಟ್ಟಂಗ" ಎಂದಿದ್ದಳು. ಅಣ್ಣ ಇದನ್ನು ಅವ್ವನಿಗೆ ಹೇಳಿದ. ಸೊಸೆ ಮನೆ ತುಂಬಿದ ದಿನ ಅವ್ವ ಜೋಳದ ರೊಟ್ಟಿ, ಪುಂಡಿಪಲ್ಯ ಹಾಕಿಕೊಂಡು ಬಂದು, ಓಣಿಯ ಹೆಂಗಸರೆಲ್ಲ ನೋಡುತ್ತಿರುವಾಗ ಒಂದೇ ತಾಟಿನಲ್ಲಿ ಅವಳ ಜೊತೆ ಉಂಡಳು. ನೋಡಲು ಬಂದವರಲ್ಲಿ ಎದುರುಮನೆಯ ದೊಡ್ಡವ್ವ ಎದ್ದು ಹೋದಳು. ಆಮೇಲೆ ನಮ್ಮ ಮನೆಯಲ್ಲಿ ಆಕೆ ನೀರೂ ಕುಡಿಯಲಿಲ್ಲ. ಅವ್ವ ತಲೆ ಕೆಡಿಸಿಕೊಳ್ಳಲಿಲ್ಲ. ನಮ್ಮ ಮನೆಯಲ್ಲಿ ಹೆಣ್ಣುಮಕ್ಕಳು ತಿಂಗಳಿಗೊಮ್ಮೆ ಹೊರಗೆ ಕೂಡುವ ಪದ್ಧತಿಯೂ ಇರಲಿಲ್ಲ, ಸತ್ತ ಮನೆಗೆ ಹೋಗಿ ಬಂದರೆ ತಲೆಗೆ ನೀರು ಹಾಕಿಕೊಳ್ಳುವುದೂ ಇರಲಿಲ್ಲ. "ಸೂತಕ ಅನ್ನೂದ ಸುಳ್ಳು" ಎಂದು ಅವ್ವ ಖಡಾಖಂಡಿತ ಹೇಳುತ್ತಿದ್ದಳು.

ಹೀಗಿರುವಾಗ ಎರಡು ವರ್ಷದ ಕೆಳಗೆ ವೈನಿಯ ಕೊರಳಲ್ಲಿ ಗಂಟು ಕಾಣಿಸಿತು. ಕ್ಯಾನ್ಸರ್ ಎಂದರು. ಹೈದರಾಬಾದಿನ ದೊಡ್ಡ ಆಸ್ಪತ್ರೆಯಲ್ಲಿ ಥೈರಾಯ್ಡ್ ಗ್ರಂಥಿ ತೆಗೆದರು. ನನಗೆ ಭಯವಾಗಿತ್ತು, ಆದರೆ ಈ ರೋಗಕ್ಕೆ ಮದ್ದಿದೆ ಎಂದು ಓದಿ ತಿಳಿದಿದ್ದೆ. ಉಳಿದ ಚೂರುಪಾರನ್ನು ಸುಡಲು ಆ ಕಿರಣ ಸೂಸುವ ಅಯೋಡಿನ್ನನ್ನೇ ಮಾತ್ರೆ ಮಾಡಿ ನುಂಗಿಸುತ್ತಾರೆ. ಚೆರ್ನೋಬಿಲ್ ಸುತ್ತಲಿನ ಮಕ್ಕಳ ಕೊರಳು ಹಾಳು ಮಾಡಿದ್ದೇ ಇಲ್ಲಿ ಕೊರಳು ಕಾಯುತ್ತದೆ, ಬೇಕೆಂದು ಎಳೆದುಕೊಂಡ ಜೀವಕೋಶ ತಾನೇ ಸುಟ್ಟು ಸಾಯುತ್ತದೆ. ಕೇಳಿದಾಗ ನನಗೆ ಖುಷಿಯೇ ಆಯಿತು. ಡಾಕ್ಟರು ಹೇಳಿದ್ದಿಷ್ಟು. ಮಾತ್ರೆ ಕೊಟ್ಟ ಮೇಲೆ ಕೆಲ ದಿನ ಆಸ್ಪತ್ರೆಯ ಒಂಟಿ ಕೋಣೆ, ಮನೆಗೆ ಬಂದ ಮೇಲೂ ಕೆಲ ದಿನ ಎಲ್ಲರಿಂದ ದೂರ, ಬಸುರಿಯರಿಂದ ಮಕ್ಕಳಿಂದ ಇನ್ನೂ ದೂರ. ನಮ್ಮ ಮನೆಯಲ್ಲಿ ಆಗ ವೈನಿಯ ಸೊಸೆಗೆ ದಿನ ತುಂಬುತ್ತಿತ್ತು. ಡಾಕ್ಟರು ಎದ್ದು ಹೋದ ಮೇಲೆ ಅಲ್ಲಿದ್ದ ನರ್ಸ್ ನಮಗೆ ಅರ್ಥವಾಗಲಿ ಎಂದು ದಖನಿ ಉರ್ದುವಿನಲ್ಲಿ ಬಿಡಿಸಿ ಹೇಳಿದಳು: "ದೇಖೋ ಅಮ್ಮಾ, ಥಾಲಿ ಅಲಗ್, ಗ್ಲಾಸ್ ಅಲಗ್, ಅಲಗ್ ಬೈಠನಾ."

ತಾಟು ಬೇರೆ, ಗ್ಲಾಸು ಬೇರೆ, ಕೂಡುವುದೂ ಬೇರೆ ಎಂದು. ಪಾಪ, ಆಕೆಯದು ತಪ್ಪಿಲ್ಲ. ನಾನು ತಲೆಯಾಡಿಸಿ ಎಲ್ಲ ಕೇಳಿಸಿಕೊಳ್ಳುತ್ತಿದ್ದೆ. ವೈನಿಯ ಮುಖದ ಕಡೆ ನೋಡಲಿಲ್ಲ.

ಊರಿಗೆ ಹಿಂದಿರುಗುವಾಗ ಚಹಾ ಕುಡಿಯಲು ಹುಮನಾಬಾದಿನಲ್ಲಿ ನನ್ನ ಮನೆಗೆ ಬಂದೆವು. ವೈನಿ ಚಹಾದ ಕಪ್ಪು ಕೆಳಗಿಟ್ಟು, "ನಾ ಆ ಮಾತ್ರಿ ನುಂಗಂಗಿಲ್ಲ" ಎಂದಳು.

"ಯಾಕ್ರಿ ವೈನಿ?"

"ಬ್ಯಾರೆ ತಾಟಿನ್ಯಾಗ ಉಂಡು ಬದುಕೂದಕ್ಕಿಂತ ಎಲ್ಲಾರ ಜೋಡಿ ಉಂಡು ಹೋಗ್ತೇನಿ. ನನಗ ಸಾಕಷ್ಟು ವಯಸ್ಸಾಗ್ಯದ."

ಐವತ್ತು ದಾಟಿ ನಾಲ್ಕು ದಿನವಾಗಿರಲಿಲ್ಲ, ವಯಸ್ಸಾಗಿದೆಯಂತೆ. ನನಗೆ ಸಿಟ್ಟು ನೆತ್ತಿಗೇರಿತು. ಇದು ವಿಜ್ಞಾನ, ಜಾತಿಯಲ್ಲ ಎಂದೆ.

ಮರು ರವಿವಾರ ನಾನು ತಯಾರಾಗಿಯೇ ಮುಡಬಿಗೆ ಹೋದೆ. ದಾರಿಯಲ್ಲಿ ಬಸವಕಲ್ಯಾಣದ ಬಜಾರಿನಲ್ಲಿ ಇಳಿದು ಅಯೋಡಿನ್ ಇಲ್ಲದ ಉಪ್ಪು ಹುಡುಕಿದೆ. ಮಾತ್ರೆಗೆ ಮೊದಲು ಕೆಲ ವಾರ ದೇಹವನ್ನು ಅಯೋಡಿನ್ ಇಲ್ಲದೆ ಹಸಿವಿನಲ್ಲಿಡಬೇಕು, ಆಗಲೇ ಮಾತ್ರೆಯನ್ನು ಅದು ಆಸೆಯಿಂದ ಎಳೆದುಕೊಳ್ಳುತ್ತದೆ. ಅಂಗಡಿಯವನು ನನ್ನ ಹಳೆಯ ವಿದ್ಯಾರ್ಥಿ. "ಏನ್ರಿ ಅಕ್ಕೋರ, ಅಯೋಡಿನ್ ಉಪ್ಪ ತಿನ್ರಿ ಅಂತ ನಮ್ಮ ಕಿವಿ ಹಿಂಡಿದೋರು ನೀವ. ಈಗ ದನಕ್ಕ ಹಾಕೂ ಉಪ್ಪ ಕೇಳಾಕತ್ತೀರಿ" ಎಂದು ನಕ್ಕ. ವೈನಿ ಒಪ್ಪೇ ಒಪ್ಪುತ್ತಾಳೆ ಎಂಬ ನಂಬಿಕೆ ನನಗೆ ಎಷ್ಟಿತ್ತೆಂದರೆ ಎರಡು ಪೊಟ್ಟಣ ಕೊಂಡೆ.

ಮನೆಯಲ್ಲಿ ಎಲ್ಲರನ್ನೂ ಕೂಡಿಸಿ ಪಾಠ ಶುರು ಮಾಡಿದೆ. ವೈನಿಯ ಮಗ, ಬಸುರಿ ಸೊಸೆ, ಅಣ್ಣ, ಅವ್ವ ಎಲ್ಲರೂ ಇದ್ದರು. ಕಿರಣ ಕಣ್ಣಿಗೆ ಕಾಣುವುದಿಲ್ಲ, ಬೆವರಲ್ಲಿ ಜೊಲ್ಲಲ್ಲಿ ಅಯೋಡಿನ್ ಹೊರಬರುತ್ತದೆ, ಹೊಟ್ಟೆಯ ಕೂಸಿನ ಎಳೆ ಕೊರಳಿಗೆ ಅದು ಹೋಗಬಾರದು, ಅದಕ್ಕೇ ದೂರ ಎಂದೆ. ಸೊಸೆ ಹುಡುಗಿ ಹೆದರಿ ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡಳು. ವೈನಿ ಅದನ್ನು ನೋಡಿ ತಾನೇ ಹಿಂದೆ ಸರಿದು ಕೂತಳು. ಇನ್ನೂ ಮಾತ್ರೆ ಮುಟ್ಟಿರಲಿಲ್ಲ ಆಕೆ. ಅದನ್ನು ಕಂಡೂ ನನ್ನ ಬಾಯಿ ನಿಲ್ಲಲಿಲ್ಲ.

ಅವ್ವ ಕೈಯೆತ್ತಿ ತಡೆದಳು. "ನಮ್ಮ ಮನ್ಯಾಗ ಸೂತಕ ಇಲ್ಲ. ನಮ್ಮತ್ತಿ ಕಾಲದಾಗ ಇದ್ದಿಲ್ಲ, ನನ್ನ ಕಾಲದಾಗ ಇಲ್ಲ. ಯಾವ ಡಾಕ್ಟರ ಹೇಳಿದ್ರೂ ನನ್ನ ಸೊಸಿ ಹೊರಗ ಕೂಡಂಗಿಲ್ಲ."

"ಇದು ಸೂತಕ ಅಲ್ಲವ್ವ. ಸೂತಕ ಸುಳ್ಳು, ಇದು ಖರೇ. ಇದಕ್ಕ ಲೆಕ್ಕ ಅದ. ಎಂಟು ದಿನಕ್ಕ ಅರ್ಧ ಆಗ್ತದ, ಮತ್ತ ಎಂಟು ದಿನಕ್ಕ ಅದರಾಗ ಅರ್ಧ. ಹಿಂಗ ಕರಗಿ ಕರಗಿ ಹೋಗೇ ಹೋಗ್ತದ."

ವೈನಿ ಮೆತ್ತಗೆ ಕೇಳಿದಳು. "ನಮ್ಮ ಮಂದಿಗಿ ಹಚ್ಚಿದ್ದು ಎಷ್ಟ ದಿನಕ್ಕ ಅರ್ಧ ಆಗ್ತದ ಟೀಚರ್?"

ಈ ತಾಲೂಕಿನಲ್ಲಿ ನನ್ನನ್ನು ಮೀರಿಸುವವರಿಲ್ಲ ಎಂದೆನಲ್ಲ, ಆ ನಾನು ಪಾಠ ಬಿಟ್ಟು ಅವಳ ಎದುರು ಕೂತೆ.

ನನ್ನ ಜೋರಿನ ಭಾಷಣದಲ್ಲಿ ಒಂದು ಅರ್ಧವನ್ನು ನಾನು ಯಾವಾಗಲೂ ಬೇಗ ಮುಗಿಸಿಬಿಡುತ್ತಿದ್ದೆ, ಏಕೆಂದರೆ ಅದಕ್ಕೆ ಚಪ್ಪಾಳೆ ಬರುತ್ತಿರಲಿಲ್ಲ. ಅಂದು ನಿಧಾನವಾಗಿ ಅದನ್ನೇ ಹೇಳಿದೆ. ಜಪಾನಿನ ಆ ಸ್ಥಾವರದ ಸುತ್ತಲಿಂದ ಎದ್ದುಬಂದ ಮಂದಿಯನ್ನು ಬೇರೆ ಊರಿನವರು ಹೇಗೆ ನಡೆಸಿಕೊಂಡರು ಎಂಬುದು. ಅವರ ಗಾಡಿಯ ನಂಬರ್ ನೋಡಿ ದೂರ ಸರಿದರು. ಶಾಲೆಯಲ್ಲಿ ಆ ಮಕ್ಕಳಿಗೆ ಹುಳ ಹಿಡಿದವರು ಎಂಬಂತೆ ಹೆಸರಿಟ್ಟು ಕಾಡಿದರು. ಅದಕ್ಕೂ ಮೊದಲು ಅದೇ ದೇಶದಲ್ಲಿ ಬಾಂಬು ಬಿದ್ದ ಊರಿನ ಹುಡುಗಿಯರಿಗೆ ಮದುವೆಯಾಗುವುದೇ ಕಷ್ಟವಾಗಿತ್ತು. ಕಿರಣ ಒಂದು ಕಡೆಯಿಂದ ಸುಟ್ಟಿತು, ನೆರೆಯವರ ಭಯ ಇನ್ನೊಂದು ಕಡೆಯಿಂದ. ಕಿರಣವನ್ನು ಅಳೆಯಲು ಯಂತ್ರವಿದೆ, ಈ ಎರಡನೆಯದನ್ನು ಅಳೆಯಲು ಏನೂ ಇಲ್ಲ.

ವೈನಿ ಕಣ್ಣೊರೆಸಿಕೊಂಡಳು. "ಅಲ್ಲಿನೂ ಹಿಂಗ ಅದ ಅಂದಂಗಾತು" ಎಂದಳು. ಅಷ್ಟು ದೂರದ ಮಂದಿ ಒಮ್ಮೆಲೇ ಅವಳ ಬೀಗರಾದಂತೆ ಅವರ ಬಗ್ಗೆ ಒಂದೊಂದೇ ಕೇಳಿದಳು. ಎಲ್ಲಿ ಇರುತ್ತಿದ್ದರು, ದನಕರು ಏನು ಮಾಡಿದರು, ಹೊಳ್ಳಿ ಬಂದರೋ ಇಲ್ಲವೋ. ಮುದುಕರು ಆ ಓಡಾಟದಲ್ಲೇ ಎಷ್ಟೋ ಮಂದಿ ಸತ್ತರು ಎಂದೆ. ಚೆರ್ನೋಬಿಲ್‌ನಲ್ಲಿ ಕೆಲ ಮುದುಕಿಯರು ಬೇಲಿ ದಾಟಿ ತಮ್ಮ ಮನೆಗೇ ವಾಪಸ್ ಹೋಗಿ ಬಟಾಟೆ ಬೆಳೆದುಕೊಂಡು ಬದುಕಿದರು ಎಂದೂ ಹೇಳಿದೆ.

ಅವ್ವ ಅಲ್ಲಿಯವರೆಗೆ ಲಿಂಗ ಹಿಡಿದುಕೊಂಡು ಕೂತಿದ್ದಳು. ಥಟ್ಟನೆ, "ಸ್ಥಾವರ ಎಲ್ಲಿಗಿ ಹೋತು?" ಎಂದು ಕೇಳಿದಳು.

"ಅದೆಲ್ಲಿಗಿ ಹೋಗ್ತದವ್ವ? ಅದು ಅಲ್ಲೇ ಅದ."

"ಅಂದ್ರ ಸ್ಥಾವರಕ್ಕ ಯಾರೂ ಏಳು ಅನ್ನಲಿಲ್ಲ. ಮಂದಿ ಎದ್ದು ಹೋದ್ರು."

"ಹೌದು."

"ಹಂಗಾದ್ರ ಮುಗೀತಲ್ಲ. ಆಕಿ ಮನ್ಯಾಗ ಇರ್ಲಿ. ನಾವು ಎದ್ದು ಹೋಗೂಣು."

ಮೊದಲು ನಕ್ಕವಳು ವೈನಿ. ಆಪರೇಷನ್ನಿನ ಗಾಯ ಮಾಗಿರದ ಕೊರಳಲ್ಲಿ ಸಣ್ಣಗೆ ನಕ್ಕು, "ನನ್ನ ಸ್ಥಾವರ ಮಾಡಿದ್ರ್ಯಾ ಅತ್ತಿ?" ಎಂದಳು. "ಮತ್ತ? ಇಷ್ಟ ವರ್ಷ ಮನಿ ಹಿಡಿದು ನಿಲ್ಲಿಸಿದಾಕಿ ನೀನ ಅಲ್ಲೇನು?" ಎಂದಳು ಅವ್ವ. ಇದರಷ್ಟು ಸರಳ ಉಪಾಯ ನನ್ನ ತಲೆಗೆ ಯಾಕೆ ಬರಲಿಲ್ಲ ಎಂದು ನನಗೆ ಹೊಟ್ಟೆಕಿಚ್ಚಾಯಿತು. ಒಳಗಿರುವವರು ಎದ್ದು ಹೊರಗೆ ಹೋಗಬಹುದು ಎಂಬುದು ನಮ್ಮಂಥ ಮನೆತನದವರಿಗೆ ಹೊಳೆಯುವುದೇ ಇಲ್ಲ. ಅವ್ವನಿಗೆ ಹೊಳೆಯಿತು, ಅದು ಆಕೆಯ ದೊಡ್ಡತನ. ವೈನಿ ನಾನು ತಂದಿದ್ದ ಉಪ್ಪಿನ ಪೊಟ್ಟಣ ತೆಗೆದುಕೊಂಡು ಅಡಿಗೆಮನೆಗೆ ಹೋದಳು. ಒಪ್ಪಿದಳು ಎಂದು ನಮಗೆಲ್ಲ ಗೊತ್ತಾಯಿತು.

ಮಾತ್ರೆ ನುಂಗಿ ಆಸ್ಪತ್ರೆಯ ಕೋಣೆಯ ವನವಾಸ ಮುಗಿಸಿ ವೈನಿ ಮುಡಬಿಗೆ ಬರುವ ಹೊತ್ತಿಗೆ ನಾವು ಮನೆ ಖಾಲಿ ಮಾಡಿದ್ದೆವು. ಮಗ, ಸೊಸೆ ಹುಮನಾಬಾದಿನ ನನ್ನ ಮನೆಗೆ ಹೋದರು, ಹೆರಿಗೆಯವರೆಗೂ ಅಲ್ಲೇ ಇರುವುದೆಂದು ಗೊತ್ತುಮಾಡಿಕೊಂಡು. ನಾನು ರಜೆ ಹಾಕಿದೆ. ಅವ್ವನನ್ನೂ ಕರೆದೊಯ್ಯುತ್ತೇನೆ ಎಂದರೆ ಆಕೆ ಕೇಳಬೇಕಲ್ಲ. ಅಂಗಳದ ಆಚೆ ತುದಿಗೆ ದನದ ಕೊಟ್ಟಿಗೆಯಿದೆ, ಮನೆಯಿಂದ ಸಾಕಷ್ಟು ದೂರ, ಅಲ್ಲಿದ್ದರೆ ಏನೂ ಆಗುವುದಿಲ್ಲ ಎಂದು ನಾನೇ ಡಾಕ್ಟರನ್ನು ಫೋನಿನಲ್ಲಿ ಕೇಳಿ ಖಾತ್ರಿ ಮಾಡಿಕೊಂಡೆ. ಎಮ್ಮೆಯನ್ನು ಹೊರಗೆ ಕಟ್ಟಿ, ನೆಲ ಸಾರಿಸಿ, ಮೂರು ಕಲ್ಲಿನ ಒಲೆ ಹೂಡಿದೆವು. ಅವ್ವ, ಅಣ್ಣ, ನಾನು, ಮೂವರ ಸಂಸಾರ ಅಲ್ಲಿ ನಡೆಯಿತು.

ಮನೆ ಪೂರ್ತಿ ವೈನಿಯದು. ಅಡಿಗೆಮನೆ, ಪಡಸಾಲೆ, ದೇವರ ಮಾಡ, ಟಿವಿ, ಎಲ್ಲ. ತನ್ನ ಅಡಿಗೆ ತಾನೇ ಮಾಡಿಕೊಂಡು ಮನೆಯ ದೊಡ್ಡ ಹಿತ್ತಾಳೆ ತಾಟಿನಲ್ಲಿ ಬಡಿಸಿಕೊಂಡು ಕಿಟಕಿಯ ಹತ್ತಿರ ಕೂತು ಉಣ್ಣುತ್ತಿದ್ದಳು. ಅದೇ ಹೊತ್ತಿಗೆ ಕೊಟ್ಟಿಗೆಯಲ್ಲಿ ನಾವೂ ಕೂಡುತ್ತಿದ್ದೆವು, ಆಕೆ ಒಬ್ಬಳೇ ಉಣ್ಣಬಾರದು ಎಂದು ಅವ್ವನ ಹುಕುಂ. ಅಂಗಳದ ಮೇಲಿಂದ ಮಾತು ಹಾಯುತ್ತಿತ್ತು. ನನ್ನ ರೊಟ್ಟಿ ಹರಿಯುತ್ತಿತ್ತು, ಹೊಗೆಗೆ ಕಣ್ಣು ಉರಿಯುತ್ತಿತ್ತು. ವೈನಿ ಕಿಟಕಿಯಿಂದಲೇ, "ಹಿಟ್ಟಿಗಿ ಕುದಿಯೂ ನೀರು ಹಾಕು ತಂಗೀ, ಭಾಷಣ ಹಾಕಬ್ಯಾಡ" ಎಂದು ಕಾಡಿಸುತ್ತಿದ್ದಳು. ಅಣ್ಣ ಎಷ್ಟೋ ದಿನಗಳ ಮೇಲೆ ಬಾಯಿ ತುಂಬ ನಕ್ಕ. ನನಗೂ ಹೆಮ್ಮೆಯೆನಿಸಿತು, ನಾನು ಹೇಳಿದ ಪಾಠವೇ ಕೊನೆಗೆ ಈ ಮನೆಯಲ್ಲಿ ಕೆಲಸಕ್ಕೆ ಬಂತಲ್ಲ ಎಂದು. ವೈನಿಯ ಮೈಯಲ್ಲಿ ಈಗ ರೋಗದ ಸುಳಿವಿಲ್ಲ, ಮೊಮ್ಮಗಳು ಗಟ್ಟಿಮುಟ್ಟಾಗಿದ್ದಾಳೆ.

ನಾವು ಕೊಟ್ಟಿಗೆ ಸೇರಿದ ವಾರದ ಕೊನೆಗೆ, ಒಂದು ಮಧ್ಯಾಹ್ನ, ಎದುರುಮನೆಯ ದೊಡ್ಡವ್ವ ಅಂಗಳದವರೆಗೂ ಬಂದಳು. ಓಣಿಯಲ್ಲಿ ಸುದ್ದಿಯಾಗಿತ್ತು, ತಡೆಯಲಾರದೆ ಬಂದಿದ್ದಳು. ಅವ್ವ ಎಮ್ಮೆ ಮೇವು ತಿನ್ನುವ ಗೋದಲಿಗೆ ಬೆನ್ನು ಕೊಟ್ಟು, ಸಣ್ಣ ತಾಟಿನಲ್ಲಿ ಹರಿದ ರೊಟ್ಟಿ ಹಾಕಿಕೊಂಡು ಉಣ್ಣುತ್ತಿದ್ದಳು. ಕಿಟಕಿಯಲ್ಲಿ ವೈನಿಯೂ ಉಣ್ಣುತ್ತಿದ್ದಳು.

ದೊಡ್ಡವ್ವ ಆ ಕಡೆ ಒಮ್ಮೆ ಈ ಕಡೆ ಒಮ್ಮೆ ನೋಡಿದಳು. "ಇದೇನ ನಡಸೀದಿ? ಆಕಿ ಒಳಗ, ನೀ ದನದ ಕೊಟ್ಟಿಗ್ಯಾಗ?"

"ಎಂಬತ್ತು ವರ್ಷ ಒಳಗ ಕುಂತೆ. ಹೊರಗ ಕುಂತ್ರ ಹ್ಯಾಂಗ ಅನಸ್ತದ ಅಂತ ನೋಡಾಕತ್ತೇನಿ" ಎಂದಳು ಅವ್ವ.

"ಹ್ಯಾಂಗ ಅನಸ್ತದ?" ದೊಡ್ಡವ್ವ ಕುಹಕಕ್ಕೇ ಕೇಳಿದ್ದು.

ಅವ್ವ ತುತ್ತನ್ನು ತಾಟಿಗೆ ಹಾಕಿದಳು. ಕಿಟಕಿಯಲ್ಲಿ ವೈನಿಯ ಕೈಯೂ ನಿಂತಿತು. ಅವ್ವ ದೊಡ್ಡವ್ವನನ್ನು ನೋಡಲಿಲ್ಲ, ಕಿಟಕಿಯನ್ನು ನೋಡುತ್ತ ಹೇಳಿದಳು.

"ಒಂದು ವಾರಕ್ಕ ನನಗ ಸಾಕಾಗ್ಯದ. ನಿಮ್ಮವ್ವ ಜೀವನಪೂರ್ತಿ ಹ್ಯಾಂಗ ಉಂಡಳ ಮಗಳ?"